ಫೋಟೊವನ್ನು ತೈಲಚಿತ್ರ ಮಾಡೋಣ ಬನ್ನಿ

ಬಾದಾಮಿಯ ಅಗಸ್ತ್ಯ ತೀರ್ಥದ ದಡದಲ್ಲಿ ಸಂಜೆ ತೆಗೆದ ಫೋಟೊ ಒಂದಿದೆ ಅಂದುಕೊಳ್ಳಿ. ಕೆಂಪು ಬಂಡೆ, ಹಸಿರು ನೀರು, ಆಚೆ ದಡದಲ್ಲಿ ಭೂತನಾಥ ಗುಡಿ. ಇಂಥ ದೊಡ್ಡ ಆಕಾರಗಳಿರುವ ಫೋಟೊ ಈ ಕೆಲಸಕ್ಕೆ ತುಂಬ ಒಳ್ಳೆಯದು. ಸಾಫ್ಟ್‌ವೇರ್‌ಗೆ ದುಡ್ಡು ಕೊಡಬೇಕಿಲ್ಲ, ಜಿಂಪ್ ಎಂಬ ಉಚಿತ ಫೋಟೊ ಎಡಿಟರ್ ಸಾಕು.

ಮೊದಲು ಅಳತೆ ಸರಿಮಾಡಿ. ಎ4 ಹಾಳೆಯಲ್ಲಿ 300 ಡಿಪಿಐಗೆ (ಇಂಚಿಗೆ 300 ಚುಕ್ಕೆ) ಪ್ರಿಂಟ್ ಹಾಕಿಸುವುದಾದರೆ ಉದ್ದದ ಬದಿ 3508 ಪಿಕ್ಸೆಲ್ ಇರಲಿ. ಇದನ್ನು ಆಮೇಲೆ ಮಾಡಿದರೆ ಕುಂಚದ ಗುರುತುಗಳೂ ಹಿಗ್ಗುತ್ತವೆ, ಇಲ್ಲವೇ ಕುಗ್ಗುತ್ತವೆ.

ಶಿಫ್ಟ್, ಕಂಟ್ರೋಲ್, ಡಿ ಒಟ್ಟಿಗೆ ಒತ್ತಿ ಲೇಯರ್‌ನ, ಅಂದರೆ ಒಂದರ ಮೇಲೊಂದು ಇಡುವ ಚಿತ್ರದ ಪದರದ, ನಕಲು ಮಾಡಿ. ಎರಡು ನಕಲು ಬೇಕು. ಫಿಲ್ಟರ್ಸ್ ಮೆನುವಿನ ಆರ್ಟಿಸ್ಟಿಕ್‌ನಲ್ಲಿ ಆಯಿಲಿಫೈ ಇದೆ. ಸುತ್ತಲಿನ ಪಿಕ್ಸೆಲ್‌ಗಳಲ್ಲಿ ಯಾವ ಬಣ್ಣ ಜಾಸ್ತಿಯೋ ಅದನ್ನೇ ಬಳಿಯುವುದು ಅದರ ಕೆಲಸ. ಕೆಳಗಿನ ನಕಲಿಗೆ ಮಾಸ್ಕ್ ರೇಡಿಯಸ್ (ಕುಂಚದ ದಪ್ಪ ಇದ್ದ ಹಾಗೆ) 4 ಕೊಡಿ, ಮೇಲಿನದಕ್ಕೆ 12. ಮೇಲಿನದಕ್ಕೆ ಬಿಳಿ ಲೇಯರ್ ಮಾಸ್ಕ್ ಹಾಕಿ. ಇದು ಲೇಯರ್‌ಗೆ ಹೊದಿಸುವ ಮುಸುಕು, ಕಪ್ಪು ಬಳಿದ ಕಡೆ ಆ ಲೇಯರ್ ಮರೆಯಾಗುತ್ತದೆ. ಈ ಮಾಸ್ಕ್‌ನಲ್ಲಿ ಗುಡಿಯ ಕಂಬಗಳ ಮೇಲೆ ಕಪ್ಪು ಬಣ್ಣ ಬಳಿಯಿರಿ. ಅಲ್ಲಿ ಕೆಳಗಿನ ಸಣ್ಣ ಗೆರೆಗಳು ಕಾಣುತ್ತವೆ. ಆಕಾಶ, ಬಂಡೆ ಮಾತ್ರ ದಪ್ಪ ಬಣ್ಣದಲ್ಲೇ ಉಳಿಯುತ್ತವೆ. ಚಿತ್ರ ಬರೆಯುವವರೂ ಹೀಗೇ ಅಲ್ವಾ, ಕಣ್ಣು ನಿಲ್ಲಬೇಕಾದ ಕಡೆ ಮಾತ್ರ ಸಣ್ಣ ಕುಂಚ ಹಿಡಿಯುತ್ತಾರೆ.

ತುಂಬ ಜನ ಇಲ್ಲಿಗೇ ನಿಲ್ಲಿಸಿಬಿಡುತ್ತಾರೆ. ದಯವಿಟ್ಟು ನಿಲ್ಲಿಸಬೇಡಿ. ಫಿಲ್ಟರ್‌ಗೆ ಕಲ್ಲು ಯಾವುದು, ನೀರು ಯಾವುದು ಅಂತ ಗೊತ್ತಿಲ್ಲ. ಅದು ನಿಮಗೆ ಗೊತ್ತು. ಲೇಯರ್ ಮೆನುವಿನಲ್ಲಿ ನ್ಯೂ ಫ್ರಮ್ ವಿಸಿಬಲ್ ಒತ್ತಿ, ಕಾಣುತ್ತಿರುವುದೆಲ್ಲ ಸೇರಿದ ಹೊಸ ಲೇಯರ್ ಸಿಗುತ್ತದೆ. ಎಸ್ ಒತ್ತಿ, ಬಣ್ಣವನ್ನು ಬೆರಳಲ್ಲಿ ತೀಡಿದ ಹಾಗೆ ಹರಡುವ ಸ್ಮಜ್ ಟೂಲ್ ತೆಗೆದುಕೊಳ್ಳಿ. ಬ್ರಷ್ ಪಟ್ಟಿಯಲ್ಲಿ ಅಕ್ರಿಲಿಕ್ ಹೆಸರಿನದನ್ನು ಆರಿಸಿ. ನೀರಿನಲ್ಲಿ ಅಡ್ಡಡ್ಡ ಎಳೆಯಿರಿ. ಬಂಡೆಯಲ್ಲಿ ಕಲ್ಲಿನ ಪದರ ಹೋದ ಹಾಗೆ ಎಳೆಯಿರಿ, ಕಂಬದಲ್ಲಿ ಮೇಲಿಂದ ಕೆಳಕ್ಕೆ. ಒಂದೇ ಉದ್ದ ಎಳೆತ ಬೇಡ, ಗಿಡ್ಡ ಗಿಡ್ಡ ಇರಲಿ. ಸುಮ್ನೆ ಉಜ್ಜಿದರೆ ಬಣ್ಣವೆಲ್ಲ ಕೆಸರಾಗುತ್ತದೆ. ಗುಡಿಯ ಅಂಚುಗಳನ್ನು ಎಲ್ಲ ಕಡೆ ಚೂಪಾಗಿ ಉಳಿಸಬೇಡಿ, ನೆರಳಿನ ಕಡೆ ಹಿನ್ನೆಲೆಯೊಳಗೆ ಕರಗಲಿ. ಈ ಒಂದು ಹಂತಕ್ಕೆ ಗಂಟೆಗಟ್ಟಲೆ ಹಿಡಿದರೂ ಬೇಸರ ಬೇಡ. ಚಿತ್ರ ಹುಟ್ಟುವುದು ಇಲ್ಲೇ.

ಕೆಲಸದ ಫೈಲನ್ನು ಜಿಂಪ್‌ನ ಸ್ವಂತ ಬಗೆಯಾದ ಎಕ್ಸ್‌ಸಿಎಫ್ ಆಗಿ ಸೇವ್ ಮಾಡಿ, ಲೇಯರ್‌ಗಳು ಹಾಗೇ ಉಳಿಯುತ್ತವೆ. ಪ್ರಿಂಟ್‌ಗೆ ಬೇರೆ ಜೆಪೆಗ್ ಎಕ್ಸ್‌ಪೋರ್ಟ್ ಮಾಡಿ. ಕಾಗದದ ಮೇಲೆ ಪ್ರಿಂಟ್ ಹಾಕಿಸುವುದಾದರೆ ಎಕ್ಸ್‌ಪೋರ್ಟ್‌ಗೆ ಮುಂಚೆ ಬಟ್ಟೆಯ ನೇಯ್ಗೆಯಂತೆ ಕಾಣಿಸುವ ಅಪ್ಲೈ ಕ್ಯಾನ್ವಾಸ್ ಫಿಲ್ಟರನ್ನು ತೆಳುವಾಗಿ ಹಾಕಬಹುದು. ಕ್ಯಾನ್ವಾಸ್ ಬಟ್ಟೆಯ ಮೇಲಾದರೆ ಅದು ಬೇಡ, ಬಟ್ಟೆಯ ನೇಯ್ಗೆಯೇ ಸಾಕು.