ಬೋರ್ಡೋ ಹೋಲಿಕೆ ಕೈಕೊಟ್ಟಾಗ

2017ರ ಫೆಬ್ರವರಿ. 9 ತಿಂಗಳಿಂದ 15 ವರ್ಷದೊಳಗಿನ ಎಲ್ಲ ಮಕ್ಕಳಿಗೂ ದಡಾರ-ರುಬೆಲ್ಲಾ ಲಸಿಕೆ ಹಾಕುವ ಅಭಿಯಾನ ಶುರುವಾಗಿತ್ತು. ನಾನು ಸಕಲೇಶಪುರದ ಕಡೆ ಒಂದು ಹೈಸ್ಕೂಲಿನಲ್ಲಿ ವಿಜ್ಞಾನದ ಮೇಷ್ಟ್ರು. ಲಸಿಕೆಗೆ ಎರಡು ದಿನ ಮುಂಚೆ ಪೋಷಕರ ಸಭೆ ಕರೆದೆವು. ಸುಮಾರು ಜನರ ಮೊಬೈಲಿನಲ್ಲಿ ಒಂದೇ ವಾಟ್ಸಾಪ್ ಸಂದೇಶ ಓಡಾಡುತ್ತಿತ್ತು: ಈ ಸೂಜಿ ಹಾಕಿಸಿದರೆ ಹೆಣ್ಣುಮಕ್ಕಳಿಗೆ ಮುಂದೆ ಮಕ್ಕಳಾಗಲ್ಲ.

ನಾನು ಒಂದು ಹೋಲಿಕೆ ಯೋಚಿಸಿಕೊಂಡೇ ಹೋಗಿದ್ದೆ. ಬೋರ್ಡೋ ಅಂದರೆ ಮೈಲುತುತ್ತ (ತಾಮ್ರದ ಸಲ್ಫೇಟ್) ಮತ್ತು ಸುಣ್ಣ ಬೆರೆಸಿದ ದ್ರಾವಣ, ಕೊಳೆರೋಗ ತಡೆಯಲು ಗಿಡಕ್ಕೆ ಹೊಡೆಯುವ ಔಷಧಿ. "ಮಳೆಗಾಲಕ್ಕೆ ಮುಂಚೆ ಕಾಫಿ ಗಿಡಕ್ಕೆ ಬೋರ್ಡೋ ಹೊಡೀತೀರಿ. ಕೊಳೆರೋಗ ಬರಲಿ ಅಂತ ಕಾಯ್ತೀರಾ? ಲಸಿಕೆಯೂ ಹಾಗೇ." ಕೆಲವರು ತಲೆಯಾಡಿಸಿದರು. ಹಿಂದೆ ಕೂತಿದ್ದ ಒಬ್ಬ ತಾಯಿ ಎದ್ದು ನಿಂತರು. "ಬೋರ್ಡೋದಲ್ಲಿ ಇರೋದು ಮೈಲುತುತ್ತ ಅಲ್ವಾ ಸಾರ್? ಅದು ವಿಷ. ಹಂಗಾದ್ರೆ ಮಕ್ಕಳ ಮೈಗೂ ವಿಷಾನೇ ಹಾಕ್ತೀರಾ?"

ಅವರು ಕೇಳಿದ್ದು ಸರಿಯಾಗಿಯೇ ಇತ್ತು. ಮೈಲುತುತ್ತ ಎಲೆಯ ಮೇಲಿನ ಶಿಲೀಂಧ್ರವನ್ನು ಕೊಲ್ಲುತ್ತದೆ, ಗಿಡ ಅದರಿಂದ ಏನೂ ಕಲಿಯುವುದಿಲ್ಲ. ಈ ಲಸಿಕೆಯಲ್ಲಿರುವುದು ಸೊರಗಿಸಿದ ವೈರಸ್. ಅದನ್ನು ನೋಡಿ ಮೈ ತಾನೇ ಎದುರಿಸುವುದನ್ನು ಕಲಿಯುತ್ತದೆ. ಮುಖ್ಯವಾದ ಕಡೆಯೇ ನನ್ನ ಹೋಲಿಕೆ ತಪ್ಪಿತ್ತು. "ನೀವು ಹೇಳಿದ್ದು ಸರಿ, ಆ ಮಾತು ಬಿಡೋಣ" ಅಂದೆ. ಹಾಗೆ ಒಪ್ಪಿಕೊಂಡ ಮೇಲೆಯೇ ಜನ ನಿಜವಾಗಿ ಕಿವಿಗೊಟ್ಟರು.

ಆಮೇಲೆ ತೋಟದ ಹೋಲಿಕೆ ಬಿಟ್ಟು ಕೊಟ್ಟಿಗೆಯ ಹೋಲಿಕೆಗೆ ಬಂದೆ. ಈ ಸಲ ಹೇಳಲಿಲ್ಲ, ಕೇಳಿದೆ.

"ಹಸುವಿಗೆ ಕಾಲುಬಾಯಿ ಲಸಿಕೆ ಹಾಕಿಸಿದ್ದೀರಾ?"

"ಹೂಂ."

"ಹಾಕಿಸಿದ ಮೇಲೆ ಏನಾಗುತ್ತೆ?"

"ಎರಡು ದಿನ ಹಾಲು ಕಮ್ಮಿ ಆಗುತ್ತೆ."

"ಆದರೂ ಯಾಕೆ ಹಾಕಿಸ್ತೀರಿ?"

"ಒಂದಕ್ಕೆ ಬಂದ್ರೆ ಊರಿಗೆಲ್ಲ ಹಬ್ಬುತ್ತೆ ಸಾರ್."

ನಾನು ಹೇಳಬೇಕಿದ್ದ ಎರಡೂ ಮಾತು ಅವರ ಬಾಯಲ್ಲೇ ಬಂದಿದ್ದವು. ಮಕ್ಕಳಿಗೂ ಜ್ವರ ಬರಬಹುದು, ತೋಳು ನೋಯಬಹುದು, ಕೆಲವರಿಗೆ ಮೈಮೇಲೆ ಸಣ್ಣ ಗುಳ್ಳೆ ಏಳಬಹುದು ಅಂತ ಮುಚ್ಚಿಡದೆ ಹೇಳಿದೆ. ಲಸಿಕೆ ಇಲ್ಲದ ಕಡೆ ದಡಾರ ಒಂದು ಮಗುವಿನಿಂದ 12ರಿಂದ 18 ಜನಕ್ಕೆ ಹರಡಬಲ್ಲದು ಅಂತಲೂ ಹೇಳಿದೆ. ಅಂಕಿ ಕೊಟ್ಟಿದ್ದು ಅದೊಂದೇ.

ಉಳಿದಿದ್ದು ಆ ಸಂದೇಶ. ಸುಮ್ನೆ ಸುಳ್ಳು ಅಂದುಬಿಟ್ಟರೆ ಭಯ ಹೋಗಲ್ಲ. ಅದರೊಳಗೆ ಇದ್ದದ್ದು ಮೊಮ್ಮಕ್ಕಳ ಆಸೆ. ಬಸುರಿನ ಮೊದಲ ತಿಂಗಳುಗಳಲ್ಲಿ ರುಬೆಲ್ಲಾ ಬಂದರೆ ಹುಟ್ಟುವ ಮಗುವಿನ ಕಣ್ಣು, ಕಿವಿ, ಹೃದಯಕ್ಕೆ ಪೆಟ್ಟು ಬೀಳಬಹುದು. "ನಿಮ್ಮ ಮೊಮ್ಮಗುವಿನ ಕಣ್ಣು ಕಿವಿ ಉಳಿಸೋಕೆ ಈ ಸೂಜಿ ಕಣಮ್ಮ" ಅಂದೆ.

ಆ ತಾಯಿ ತಕ್ಷಣ ಒಪ್ಪಲಿಲ್ಲ. "ಸೂಜಿ ಹಾಕೋವಾಗ ನಾನೂ ಪಕ್ಕದಲ್ಲಿ ಇರಬಹುದಾ?" ಅಂದರು. ಬನ್ನಿ ಅಂದೆ. ಬಂದರು. ಸೂಜಿ ಹಾಕಿಸಿ, ಮಗಳ ಜೊತೆ ಅರ್ಧ ಗಂಟೆ ವರಾಂಡದ ಬೆಂಚಿನ ಮೇಲೆ ಕೂತಿದ್ದು ಮನೆಗೆ ಹೋದರು.