ಪೇಟೆಬೀದಿಯಲ್ಲಿ ತಿಂಗಳಿಗೊಂದು ಕಲಾನಡಿಗೆ: ಶುರು ಮಾಡುವುದು ಹೇಗೆ?

ತಿಂಗಳ ಒಂದು ಗೊತ್ತಾದ ಸಂಜೆ ನಗರದ ನಡುಭಾಗದ ಗ್ಯಾಲರಿಗಳು, ಸ್ಟುಡಿಯೊಗಳು ಮತ್ತು ಮನಸ್ಸು ಮಾಡಿದ ಒಂದಷ್ಟು ಅಂಗಡಿಗಳು ಹೊತ್ತು ಮೀರಿ ಬಾಗಿಲು ತೆರೆದಿಡುತ್ತವೆ. ಜನ ಕೈಯಲ್ಲೊಂದು ನಕ್ಷೆ ಹಿಡಿದು ಒಂದು ಬಾಗಿಲಿನಿಂದ ಇನ್ನೊಂದಕ್ಕೆ ನಡೆಯುತ್ತಾರೆ, ಊರಿನದೇ ಕಲಾವಿದರ ಕೆಲಸ ನೋಡುತ್ತಾರೆ, ಬೇಕೆನಿಸಿದರೆ ಕೊಳ್ಳುತ್ತಾರೆ. ಕಲಾನಡಿಗೆ ಎಂದರೆ ಇಷ್ಟೇ. ಟಿಕೆಟ್ ಇಲ್ಲ, ವೇದಿಕೆ ಇಲ್ಲ, ಉದ್ಘಾಟನೆಗೆ ಗಣ್ಯರನ್ನು ಕಾಯುವ ಪ್ರಸಂಗವೂ ಇಲ್ಲ.

1981ರಲ್ಲಿ ಅಮೆರಿಕದ ಸಿಯಾಟಲ್ ನಗರದ ಪಯೋನಿಯರ್ ಸ್ಕ್ವೇರ್‌ನಲ್ಲಿ ಕೆಲವು ಕಲಾ ವ್ಯಾಪಾರಿಗಳು ಸೇರಿ ನಕ್ಷೆ ಅಚ್ಚು ಹಾಕಿಸಿದರು, ಫುಟ್‌ಪಾತಿನ ಮೇಲೆ ಬಣ್ಣದ ಹೆಜ್ಜೆಗುರುತು ಮೂಡಿಸಿದರು. ಆ ದೇಶದ ಮೊದಲ ಕಲಾನಡಿಗೆ ಎಂದು ಸಾಮಾನ್ಯವಾಗಿ ಹೆಸರಿಸುವುದು ಇದನ್ನೇ. 1986ರಲ್ಲಿ ಪೋರ್ಟ್‌ಲ್ಯಾಂಡ್ ನಗರವೂ ಅದೇ ದಾರಿ ಹಿಡಿಯಿತು. ಎರಡೂ ಕಡೆ ತಿಂಗಳ ಮೊದಲ ಗುರುವಾರವೇ ನಡಿಗೆಯ ದಿನ. ನಕ್ಷೆ, ಹೆಜ್ಜೆಗುರುತು, ಮರೆಯಲಾಗದ ಒಂದು ದಿನ: ಅಂದು ಅವರು ಹೂಡಿದ ಬಂಡವಾಳ ಹೆಚ್ಚುಕಡಿಮೆ ಇಷ್ಟೇ. ಈಗ ಹೊಸದಾಗಿ ಶುರು ಮಾಡುವವರಿಗೂ ಇದಕ್ಕಿಂತ ಹೆಚ್ಚು ಬೇಕಿಲ್ಲ. ಇಂಥ ನಡಿಗೆ ಹಿಂದೆ ಬೀಳುವುದು ದಿನ ಮತ್ತು ದೂರ, ಈ ಎರಡರ ಲೆಕ್ಕ ತಪ್ಪಿದಾಗ. ಆದ್ದರಿಂದ ಅಲ್ಲಿಂದಲೇ ಆರಂಭಿಸೋಣ.

ಮೊದಲು ದಿನ ಗಟ್ಟಿಯಾಗಲಿ

ಸಂತೆ ಯಾವ ದಿನ ಎಂದು ಊರಿನವರು ಯಾರೂ ಕೇಳುವುದಿಲ್ಲ. ಕಲಾನಡಿಗೆಯ ದಿನವೂ ಹಾಗೆ ಬಾಯಿಪಾಠವಾಗಬೇಕು. ‘ಪ್ರತಿ ತಿಂಗಳ ಹತ್ತನೇ ತಾರೀಖು’ ಎಂದರೆ ಅದು ಒಮ್ಮೆ ಸೋಮವಾರ, ಒಮ್ಮೆ ಭಾನುವಾರ, ನೆನಪಿನಲ್ಲಿ ನಿಲ್ಲುವುದಿಲ್ಲ. ‘ಮೊದಲ ಗುರುವಾರ’, ‘ಎರಡನೇ ಶುಕ್ರವಾರ’ ಎಂಬಂಥ ಲೆಕ್ಕ ನಿಲ್ಲುತ್ತದೆ. ಶನಿವಾರ, ಭಾನುವಾರಗಳ ಆಸೆ ಸಹಜ. ಆದರೆ ಅಂದು ಮದುವೆ, ಸಿನಿಮಾ, ನೆಂಟರ ಮನೆ ಎಲ್ಲವೂ ಪೈಪೋಟಿಗೆ ನಿಲ್ಲುತ್ತವೆ. ವಾರದ ಕೊನೆಗೆ ಒಂದೆರಡು ದಿನ ಮುಂಚಿನ ಸಂಜೆಯಾದರೆ ಕೆಲಸ ಮುಗಿಸಿ ಪೇಟೆಯಲ್ಲೇ ಇರುವವರು ಹಾಗೇ ಕಾಲು ಹಾಕುತ್ತಾರೆ.

ಇನ್ನೊಂದು ಲೆಕ್ಕವೂ ಇದೆ. ಗ್ಯಾಲರಿಯ ಪ್ರದರ್ಶನಗಳು ಸಾಮಾನ್ಯವಾಗಿ ಮೂರು ನಾಲ್ಕು ವಾರ ನಡೆಯುತ್ತವೆ. ನಡಿಗೆಯ ಸಂಜೆಗೇ ಹೊಸ ಪ್ರದರ್ಶನ ತೆರೆಯುವಂತೆ ಎಲ್ಲರೂ ಹೊಂದಿಸಿಕೊಂಡರೆ ಪ್ರತಿ ತಿಂಗಳೂ ಗೋಡೆಯ ಮೇಲೆ ಹೊಸದೇ ಇರುತ್ತದೆ. ಹೋದ ತಿಂಗಳು ನೋಡಿದ್ದನ್ನೇ ಮತ್ತೆ ನೋಡಲು ಯಾರೂ ಬರುವುದಿಲ್ಲ, ಎಷ್ಟೇ ಸಜ್ಜನರಾದರೂ.

ಸಮಯ ಸಂಜೆ ಆರರಿಂದ ಒಂಬತ್ತು ಸಾಕು. ಒಂದು ಮಾತು ಮಾತ್ರ ಕಲ್ಲಿನ ಮೇಲೆ ಬರೆದಂತಿರಲಿ: ರದ್ದು ಮಾಡಬಾರದು. ಮಳೆ ಬಂದರೂ, ಎರಡೇ ಬಾಗಿಲು ತೆರೆದಿದ್ದರೂ ನಡಿಗೆ ನಡೆಯಬೇಕು. ‘ಈ ಸಲ ಇದೆಯೋ ಇಲ್ಲವೋ’ ಎಂಬ ಅನುಮಾನ ಒಮ್ಮೆ ಹುಟ್ಟಿದರೆ ಅದನ್ನು ತೊಡೆದುಹಾಕಲು ಆರು ತಿಂಗಳು ಬೇಕು.

ನಕ್ಷೆ ಬಿಡಿಸುವ ಮೊದಲು ನಡೆದು ನೋಡಿ

ಒಂದು ಬಾಗಿಲಿಗೆ ಹದಿನೈದು ನಿಮಿಷ ಎಂದಿಟ್ಟುಕೊಳ್ಳಿ. ಮೂರು ಗಂಟೆಯಲ್ಲಿ, ನಡುವಿನ ನಡಿಗೆ ಮತ್ತು ಹರಟೆ ಕಳೆದರೆ, ಎಂಟು ಹತ್ತು ಬಾಗಿಲು. ಅದಕ್ಕಿಂತ ಹೆಚ್ಚಿದ್ದರೆ ತಪ್ಪೇನಿಲ್ಲ, ಆದರೆ ಹೆಚ್ಚಿಗಾಗಿ ಹಟ ಬೇಡ. ಐದು ಬಾಗಿಲಿನಿಂದಲೂ ಆರಂಭಿಸಬಹುದು. ಇಡೀ ಸುತ್ತು ಒಂದು ಕಿಲೋಮೀಟರಿನ ಒಳಗಿದ್ದರೆ ವಯಸ್ಸಾದವರೂ ಮಕ್ಕಳನ್ನು ಎತ್ತಿಕೊಂಡವರೂ ಪೂರ್ತಿ ಮಾಡುತ್ತಾರೆ. ಅತ್ಯುತ್ತಮ ಗ್ಯಾಲರಿ ಊರಾಚೆ ಇದ್ದರೆ ಅದನ್ನು ಬಿಡುವುದೇ ಒಳ್ಳೆಯದು. ಮುಲಾಜಿಗೆ ಸೇರಿಸಿಕೊಂಡರೆ ಅಲ್ಲಿಗೆ ಯಾರೂ ಹೋಗುವುದಿಲ್ಲ, ಬೇಸರ ಇಬ್ಬರಿಗೂ.

ಆ ದಾರಿಯನ್ನು ನಡಿಗೆಯ ಹೊತ್ತಿಗೇ, ಅಂದರೆ ಕತ್ತಲಾದ ಮೇಲೆ, ಒಮ್ಮೆ ನಡೆದು ನೋಡಿ. ಹಗಲಿನಲ್ಲಿ ಲಕ್ಷಣವಾಗಿ ಕಾಣುವ ಬೀದಿಯಲ್ಲಿ ರಾತ್ರಿ ಏಳಕ್ಕೆ ಒಂದೂ ದೀಪ ಇಲ್ಲದಿರಬಹುದು. ಫುಟ್‌ಪಾತಿನ ಚಪ್ಪಡಿ ಎಲ್ಲಿ ಅಲುಗುತ್ತದೆ, ಯಾವ ಬಾಗಿಲಿಗೆ ಮೂರು ಮೆಟ್ಟಿಲಿದ್ದು ಗಾಲಿಕುರ್ಚಿ ಹತ್ತುವುದಿಲ್ಲ, ಶೌಚಾಲಯ ಎಲ್ಲಿದೆ, ಕೊನೆಯ ಬಸ್ ಎಷ್ಟು ಹೊತ್ತಿಗೆ, ಎಲ್ಲವನ್ನೂ ಬರೆದುಕೊಳ್ಳಿ. ಮುಖ್ಯವಾಗಿ, ಷಟರ್ ಎಳೆದ ಅಂಗಡಿಗಳ ಸಾಲು ಎಷ್ಟು ಉದ್ದ ಇದೆ ನೋಡಿ. ಇನ್ನೂರು ಮೀಟರ್ ಕತ್ತಲು ಎದುರಾದರೆ ಜನ ‘ಮುಗಿಯಿತು’ ಎಂದುಕೊಂಡು ಹಿಂದಿರುಗುತ್ತಾರೆ, ಆಚೆ ನಾಲ್ಕು ಗ್ಯಾಲರಿ ಕಾಯುತ್ತಿದ್ದರೂ.

ಅಂಥ ಅಂತರವನ್ನು ತುಂಬಲೆಂದೇ ಅಂಗಡಿಗಳು ಬೇಕು. ಪುಸ್ತಕದಂಗಡಿ, ಚೌಕಟ್ಟು ಹಾಕುವವರು, ಟೈಲರ್, ಬ್ಯಾಂಕಿನ ಮುಂಗೋಣೆ, ಬಾಡಿಗೆಗೆ ಕಾದು ಖಾಲಿ ಬಿದ್ದಿರುವ ಮಳಿಗೆಯ ಗಾಜು, ಎಲ್ಲಾದರೂ ಎರಡು ಚಿತ್ರ ಮತ್ತು ಒಂದು ದೀಪ ಇದ್ದರೆ ಸಾಕು. ಖಾಲಿ ಮಳಿಗೆಯ ಮಾಲೀಕರು ಅನೇಕ ಸಲ ಸಂತೋಷದಿಂದಲೇ ಒಪ್ಪುತ್ತಾರೆ. ಬಾಡಿಗೆದಾರರ ಕಣ್ಣಿಗೆ ಜಾಗ ಬೀಳುತ್ತದಲ್ಲ!

ಮಾತು ಕಾಗದದ ಮೇಲಿರಲಿ

ಸ್ನೇಹದಲ್ಲಿ ಶುರುವಾಗುವ ಕೆಲಸಕ್ಕೆ ಕರಾರು ಏಕೆ ಎಂದು ಮೂಗು ಮುರಿಯುವವರಿರುತ್ತಾರೆ. ಕೆಳಗೆ ಬಿದ್ದು ಒಡೆದ ಮೊದಲ ಚೌಕಟ್ಟಿನ ತನಕ ಆ ಸ್ನೇಹ ಚೆನ್ನಾಗಿಯೇ ಇರುತ್ತದೆ. ಒಂದೇ ಪುಟದ ಒಪ್ಪಂದ ಸಾಕು. ನಡಿಗೆಯ ಸಂಜೆ ಇಷ್ಟು ಹೊತ್ತಿನವರೆಗೆ ಬಾಗಿಲು ತೆರೆದಿರುತ್ತದೆ, ಪ್ರವೇಶ ಉಚಿತ, ಉತ್ತರ ಹೇಳಲು ಒಬ್ಬರು ಇರುತ್ತಾರೆ, ಬೆಲೆ ಬರೆದಿರುತ್ತದೆ. ಇದು ಗ್ಯಾಲರಿ ಮತ್ತು ಅಂಗಡಿಗಳ ಪಾಲಿನದು. ಕಲಾವಿದರ ಪಾಲಿಗೆ ಕೃತಿಗಳ ಪಟ್ಟಿ: ಹೆಸರು, ಮಾಧ್ಯಮ, ಅಳತೆ, ಬೆಲೆ, ಕೊಡುವಾಗಿನ ಸ್ಥಿತಿ ತೋರಿಸುವ ಒಂದು ಫೋಟೊ. ಹಾನಿಯಾದರೆ ಯಾರ ಹೊಣೆ, ವಿಮೆ ಇದೆಯೇ, ಯಾವಾಗ ಮರಳಿ ಒಯ್ಯಬೇಕು ಎಂಬುದೂ ಅದರಲ್ಲೇ ಇರಲಿ.

ಕಮಿಷನ್ ವಿಷಯದಲ್ಲಿ ಸಂಕೋಚ ಬೇಡ. ವರ್ಷವಿಡೀ ಬಾಡಿಗೆ ಕಟ್ಟಿ, ಕೊಳ್ಳುವವರನ್ನು ಬೆಳೆಸುವ ಗ್ಯಾಲರಿಗಳು ಮಾರಾಟದ ಬೆಲೆಯಲ್ಲಿ ಸುಮಾರು ಅರ್ಧದಷ್ಟನ್ನು ಇಟ್ಟುಕೊಳ್ಳುವುದು ಹಲವೆಡೆ ರೂಢಿ. ಗೋಡೆಯನ್ನಷ್ಟೇ ಕೊಟ್ಟ ಅಂಗಡಿ ಅಷ್ಟು ಕೇಳುವುದು ನ್ಯಾಯವಲ್ಲ. ಅಲ್ಪ ಪಾಲು, ಇಲ್ಲವೇ ಏನೂ ಇಲ್ಲ. ಎಷ್ಟೇ ಇರಲಿ, ಚಿತ್ರ ಮಾರಾಟವಾಗುವ ಮೊದಲೇ ಇತ್ಯರ್ಥವಾಗಿರಬೇಕು.

ಕಲಾವಿದರ ಆಯ್ಕೆಗೆ ಬಹಿರಂಗ ಕರೆ ಕೊಡಿ, ಮೂವರು ಕುಳಿತು ನೋಡಲಿ, ಆ ಮೂವರು ವರ್ಷಕ್ಕೊಮ್ಮೆ ಬದಲಾಗಲಿ. ‘ಬಂದವರಿಗೆಲ್ಲ ಜಾಗ’ ಎಂಬ ಔದಾರ್ಯ ಕೇಳಲು ಚೆಂದ, ಗೋಡೆಯ ಮೇಲೆ ಅಲ್ಲ. ಹಾಗೆಂದು ಪ್ರತಿ ತಿಂಗಳೂ ಅದೇ ಆರು ಹೆಸರು ಸುತ್ತುತ್ತಿದ್ದರೆ ಅದು ಗೆಳೆಯರ ಗುಂಪು ಎಂದು ಊರು ತೀರ್ಮಾನಿಸುತ್ತದೆ. ಮೂರರಲ್ಲೊಂದು ಪಾಲು ಹೊಸ ಮುಖಗಳಿಗೆ ಮೀಸಲಿಡುವುದು ಒಳ್ಳೆಯ ಮಧ್ಯಮ ಮಾರ್ಗ.

ತೂಗುಹಾಕುವುದರಲ್ಲಿಯೇ ಅರ್ಧ ಕೆಲಸ

ಹೆಚ್ಚಿನವರು ಚಿತ್ರವನ್ನು ಬಲು ಎತ್ತರಕ್ಕೆ ಹಾಕುತ್ತಾರೆ. ಚಿತ್ರದ ನಡುಬಿಂದು ನೆಲದಿಂದ 145ರಿಂದ 150 ಸೆಂಟಿಮೀಟರ್ ಎತ್ತರದಲ್ಲಿದ್ದರೆ ನಿಂತವರ ಕಣ್ಣಿಗೆ ಸರಿಯಾಗಿ ಸಿಗುತ್ತದೆ. ಒಂದು ಮೊಳೆಗಿಂತ ಎರಡು ಕೊಕ್ಕೆ ಮೇಲು, ಚಿತ್ರ ವಾಲುವುದಿಲ್ಲ. ದೀಪವನ್ನು ನೇರವಾಗಿ ಎದುರಿನಿಂದ ಬಿಡದೆ ಮೇಲಿನಿಂದ ಓರೆಯಾಗಿ, ಲಂಬದಿಂದ ಸುಮಾರು 30 ಡಿಗ್ರಿ ಕೋನದಲ್ಲಿ ಬಿಟ್ಟರೆ ಗಾಜಿನಲ್ಲಿ ನೋಡುಗರ ಮುಖವೇ ಕಾಣುವ ತೊಂದರೆ ತಪ್ಪುತ್ತದೆ. ಪಕ್ಕದಲ್ಲಿ ಚೀಟಿ: ಕಲಾವಿದರ ಹೆಸರು, ಶೀರ್ಷಿಕೆ, ವರ್ಷ, ಮಾಧ್ಯಮ, ಅಳತೆ, ಬೆಲೆ. ಅಕ್ಷರ ಕನ್ನಡಕ ಮರೆತು ಬಂದವರಿಗೂ ಓದುವಂತಿರಲಿ. ಬೆಲೆ ಬರೆಯುವುದು ಕಲೆಗೆ ಕುಂದು ಎಂಬ ಭಾವನೆ ಕೆಲವರಲ್ಲಿದೆ. ನಿಜ ಸಂಗತಿ ಎಂದರೆ, ಮೊದಲ ಬಾರಿ ಗ್ಯಾಲರಿಗೆ ಬಂದವರು ಬೆಲೆ ಕೇಳಲು ನಾಚಿ ಹಾಗೇ ಹೊರಟುಹೋಗುತ್ತಾರೆ.

ಅಂಗಡಿಯ ಗಾಜಿನ ಕಿಟಕಿಯ ಬಗ್ಗೆ ಎಚ್ಚರ. ಪಡುವಣ ಬಿಸಿಲು ಬೀಳುವ ಕಿಟಕಿಯಲ್ಲಿ ಜಲವರ್ಣ ಚಿತ್ರವನ್ನು ತಿಂಗಳುಗಟ್ಟಲೆ ಇಟ್ಟರೆ ಬಣ್ಣ ಇಳಿಯುತ್ತದೆ. ಎಲ್ಲ ಬಣ್ಣವೂ ಒಂದೇ ಸಮನೆ ಇಳಿಯುವುದಿಲ್ಲ, ತೊಂದರೆ ಇರುವುದೇ ಅಲ್ಲಿ. ಅಲಿಜರಿನ್ ಕ್ರಿಮ್ಸನ್‌ನಂಥ ಕೆಂಪು ಮೊದಲು ಸೋಲುತ್ತದೆ, ಮಣ್ಣಿನ ಬಣ್ಣಗಳು ಹಾಗೇ ಉಳಿಯುತ್ತವೆ. ಮುಖದ ಕೆನ್ನೆಯ ಕೆಂಪು ಹೋಗಿ ಕಂದು ನೆರಳು ಮಾತ್ರ ಉಳಿದ ಭಾವಚಿತ್ರ ಹೇಗಿರುತ್ತದೆ ಊಹಿಸಿ. ಕಿಟಕಿಗೆ ಲೋಹ, ಪಿಂಗಾಣಿ, ಮರದ ಕೆಲಸ ಇಡಿ. ಕಾಗದದ ಮೇಲಿನದ್ದನ್ನು ಒಳಗೋಡೆಗೆ ಹಾಕಿ.

ಎರಡು ಕುರ್ಚಿ ಮರೆಯಬೇಡಿ. ನ್ಯೂಯಾರ್ಕ್‌ನ ಮೆಟ್ರೊಪಾಲಿಟನ್ ವಸ್ತುಸಂಗ್ರಹಾಲಯದಲ್ಲಿ ಜನ ಒಂದು ಕೃತಿಯನ್ನು ಎಷ್ಟು ಹೊತ್ತು ನೋಡುತ್ತಾರೆ ಎಂದು ಅಳೆದ, 2001ರಲ್ಲಿ ಪ್ರಕಟವಾದ ಅಧ್ಯಯನದಲ್ಲಿ ಸರಾಸರಿ ಬಂದದ್ದು 27.2 ಸೆಕೆಂಡು. ವಿಶ್ವವಿಖ್ಯಾತ ಕೃತಿಗಳಿಗೇ ಅಷ್ಟು! ಜನದಟ್ಟಣೆಯ ಸಂಜೆ ನಿಮ್ಮೂರಿನ ಹುಡುಗಿಯ ಮೊದಲ ಚಿತ್ರಕ್ಕೆ ಎಷ್ಟು ಸಿಕ್ಕೀತು? ಎದುರಿಗೊಂದು ಕುರ್ಚಿ ಇದ್ದರೆ ಯಾರೋ ಒಬ್ಬರು ಕೂರುತ್ತಾರೆ, ಕೂತವರು ನೋಡುತ್ತಾರೆ.

ಅದಕ್ಕಿಂತಲೂ ಜನರನ್ನು ಹಿಡಿದು ನಿಲ್ಲಿಸುವುದು ಕೆಲಸ ಮಾಡುತ್ತಿರುವ ಕೈ. ಒಬ್ಬ ಮುದ್ರಣ ಕಲಾವಿದರಿಗೆ ಬಾಗಿಲ ಬಳಿ ಮೇಜು ಹಾಕಿಕೊಡಿ. ಕೆತ್ತಿದ ಲಿನೋ (ಅಚ್ಚಿಗಾಗಿ ಕೆತ್ತುವ ಮೆದು ಲಿನೋಲಿಯಂ) ಹಾಳೆಯ ಮೇಲೆ ಅವರು ರೋಲರಿನಿಂದ ಮಸಿ ಹರಡುತ್ತಾರೆ. ಮಸಿ ಸರಿಯಾದ ಹದಕ್ಕೆ ಬಂದಾಗ ರೋಲರಿನಿಂದ ಚುರುಚುರು ಸದ್ದು ಬರುತ್ತದೆ. ಮೇಲೆ ತೆಳು ಕಾಗದ ಇಟ್ಟು ಚಮಚದ ಬೆನ್ನಿನಿಂದ ಮೂಲೆ ಮೂಲೆಯನ್ನೂ ಉಜ್ಜುತ್ತಾರೆ. ಆಮೇಲೆ ಒಂದು ತುದಿ ಹಿಡಿದು ನಿಧಾನವಾಗಿ ಸುಲಿಯುವಾಗ, ಕೆತ್ತಿದ್ದೆಲ್ಲ ಎಡಬಲ ತಿರುಗಿ ಮೂಡುವುದನ್ನು ಕಂಡು ಸುತ್ತ ನಿಂತವರಿಂದ ‘ಓ’ ಎಂಬ ಉದ್ಗಾರ ಬಂದೇ ಬರುತ್ತದೆ. ಉಳಿದ ಕಲಾವಿದರು ತಮ್ಮ ಚಿತ್ರದ ಮುಂದೆ ಅಡ್ಡ ನಿಲ್ಲದೆ ಪಕ್ಕದಲ್ಲಿ ನಿಂತು, ಕೇಳಿದರೆ ಮಾತನಾಡಿ, ಮೊಬೈಲ್ ಜೇಬಿನಲ್ಲಿಟ್ಟರೆ ಸಾಕು.

ನಕ್ಷೆ, ಅನುಮತಿ, ಹಣ

ನಕ್ಷೆ ಒಂದೇ ಹಾಳೆಯದಿರಲಿ, ಕಪ್ಪು ಬಿಳುಪಿನಲ್ಲಿ ಪ್ರತಿ ತೆಗೆದರೂ ಓದುವಂತಿರಲಿ. ಬಾಗಿಲುಗಳಿಗೆ ಸಂಖ್ಯೆ, ಅದೇ ಸಂಖ್ಯೆ ಬಾಗಿಲ ಹೊರಗೂ ದೊಡ್ಡದಾಗಿ. ಎಲ್ಲ ಕಡೆ ಒಂದೇ ಬಣ್ಣದ ದೀಪವೋ ಬಾವುಟವೋ ಇದ್ದರೆ ದೂರದಿಂದಲೇ ಗೊತ್ತಾಗುತ್ತದೆ. ಕ್ಯುಆರ್ ಕೋಡ್ ಹಾಕಿ, ಆದರೆ ಅದನ್ನೇ ನಂಬಿ ಕಾಗದ ಬಿಡಬೇಡಿ. ಮೊಬೈಲ್ ನೋಡುತ್ತ ನಡೆಯುವವರು ಬೀದಿ ನೋಡುವುದಿಲ್ಲ.

ಮೊದಲ ವರ್ಷ ರಸ್ತೆ ಮುಚ್ಚುವ ಉಸಾಬರಿ ಬೇಡ. ಎಲ್ಲವೂ ಒಳಗೇ ನಡೆದರೆ ಅನುಮತಿಯ ಗೋಜು ಕಡಿಮೆ. ಫುಟ್‌ಪಾತಿನ ಮೇಲೆ ಮೇಜು, ಧ್ವನಿವರ್ಧಕ, ಬೀದಿ ಸಂಗೀತ ಬೇಕೆಂದರೆ ಸ್ಥಳೀಯ ಆಡಳಿತ ಮತ್ತು ಪೊಲೀಸರ ಲಿಖಿತ ಒಪ್ಪಿಗೆ ಮೊದಲೇ ಪಡೆಯಿರಿ. ಖರ್ಚು ಮುಖ್ಯವಾಗಿ ಮುದ್ರಣ, ದೀಪ ಮತ್ತು ವಿಮೆಯದು. ಭಾಗವಹಿಸುವ ಬಾಗಿಲುಗಳು ಸಣ್ಣ ವಂತಿಗೆ ಹಾಕಿದರೆ ನಡೆಯುತ್ತದೆ. ಪ್ರಾಯೋಜಕರು ಬಂದರೆ ಬರಲಿ, ಅವರ ಬ್ಯಾನರ್ ಯಾವ ಚಿತ್ರಕ್ಕಿಂತಲೂ ದೊಡ್ಡದಿರಬಾರದು ಎಂಬ ನಿಯಮ ಇಟ್ಟುಕೊಳ್ಳಿ.

ಜನ ಹೆಚ್ಚಾದಾಗ

ಜನ ಬಾರದಿದ್ದರೆ ಎಂಬ ಚಿಂತೆ ಎಲ್ಲರಿಗೂ ಇರುತ್ತದೆ. ಬಹಳ ಜನ ಬಂದರೆ ಎಂಬುದನ್ನು ಯಾರೂ ಯೋಚಿಸಿರುವುದಿಲ್ಲ. ಲಾಸ್ ಏಂಜಲೀಸ್ ನಗರದ ನಡುಭಾಗದಲ್ಲಿ 2004ರಲ್ಲಿ ಆರಂಭವಾದ, ಎರಡನೇ ಗುರುವಾರದ ಕಲಾನಡಿಗೆ ಕೆಲವೇ ವರ್ಷಗಳಲ್ಲಿ ಬೀದಿ ಜಾತ್ರೆಯಷ್ಟು ಬೆಳೆಯಿತು. ಬಂದವರಲ್ಲಿ ಬಹಳ ಮಂದಿ ಗ್ಯಾಲರಿಯೊಳಗೆ ಕಾಲಿಡುವುದೇ ಇಲ್ಲ ಎಂಬ ದೂರು ಗ್ಯಾಲರಿಗಳಿಂದಲೇ ಬಂತು. 2011ರ ಜುಲೈನಲ್ಲಿ ನಡಿಗೆಯ ಸಂಜೆ ಕಾರೊಂದು ಫುಟ್‌ಪಾತಿನ ಮೇಲೆ ಹತ್ತಿ ಹಸುಗೂಸು ಜೀವ ಕಳೆದುಕೊಂಡಿತು. ಇಕ್ಕಟ್ಟಾದ ಫುಟ್‌ಪಾತಿನಲ್ಲಿ ಜನ ರಸ್ತೆಗಿಳಿಯುವ ಲಕ್ಷಣ ಕಂಡ ತಿಂಗಳೇ ಆಡಳಿತದೊಂದಿಗೆ ಕುಳಿತು ವಾಹನ ತಡೆಯುವ, ಬೀದಿ ವ್ಯಾಪಾರಕ್ಕೆ ಬೇರೆ ಜಾಗ ಗೊತ್ತುಮಾಡುವ ಏರ್ಪಾಡು ಆಗಬೇಕು. ಅವಘಡಕ್ಕೆ ಕಾಯಬಾರದು.

ಇದಕ್ಕೆ ಲೆಕ್ಕ ಬೇಕು. ಎರಡು ಮೂರು ಬಾಗಿಲಲ್ಲಿ ಸ್ವಯಂಸೇವಕರು ಕೈಯಲ್ಲಿ ಒತ್ತುವ ಎಣಿಕೆ ಯಂತ್ರ ಹಿಡಿದು ಒಳಬಂದವರನ್ನಷ್ಟೇ ಎಣಿಸಲಿ. ಹೊರಗೆ ಎಷ್ಟು ಗದ್ದಲವಿತ್ತು ಎಂಬುದಕ್ಕಿಂತ ಈ ಅಂಕಿಯೇ ನಿಜ ಹೇಳುತ್ತದೆ.

ಮಾರಾಟವಾದ ಕೃತಿಯ ಚೀಟಿಗೆ ಕೆಂಪು ಚುಕ್ಕಿ ಅಂಟಿಸುವುದು ಗ್ಯಾಲರಿಗಳ ಹಳೆಯ ಪದ್ಧತಿ. ಕೊಂಡವರು ಆ ರಾತ್ರಿಯೇ ಒಯ್ಯದೆ ಪ್ರದರ್ಶನ ಮುಗಿದ ಮೇಲೆ ಒಯ್ದರೆ ಗೋಡೆ ಖಾಲಿಯಾಗುವುದಿಲ್ಲ, ಇದನ್ನು ಹಣ ಪಡೆಯುವಾಗಲೇ ತಿಳಿಸಿ. ರಸೀದಿಯಲ್ಲಿ ಕೃತಿಯ ವಿವರದ ಜೊತೆಗೆ, ಬೇರೆ ಲಿಖಿತ ಒಪ್ಪಂದ ಇಲ್ಲದಿದ್ದರೆ ಹಕ್ಕುಸ್ವಾಮ್ಯ ಕಲಾವಿದರಲ್ಲೇ ಇರುತ್ತದೆ ಎಂಬ ಸಾಲು ಸೇರಿಸಿ; ಕೊಂಡ ಚಿತ್ರವನ್ನು ಕ್ಯಾಲೆಂಡರಿಗೆ ಅಚ್ಚು ಹಾಕಿಸುವ ಉತ್ಸಾಹಿಗಳು ಇದ್ದೇ ಇರುತ್ತಾರೆ.

ಮರುದಿನ ಫಲಕಗಳನ್ನು ಇಳಿಸಿ, ಪ್ರತಿ ಬಾಗಿಲಿಗೂ ಫೋನ್ ಮಾಡಿ ಎಷ್ಟು ಮಂದಿ ಬಂದರು, ಏನು ಮಾರಿತು, ಏನು ಎಡವಟ್ಟಾಯಿತು ಎಂದು ಕೇಳಿ ಬರೆದಿಡಿ. ಮುಂದಿನ ನಡಿಗೆಗೆ ಹದಿನೈದು ದಿನ ಇರುವಾಗ ಭಾಗವಹಿಸುವವರ ಪಟ್ಟಿ ಮುಚ್ಚಬೇಕು, ಹತ್ತು ದಿನ ಇರುವಾಗ ನಕ್ಷೆ ಮುದ್ರಣಕ್ಕೆ ಹೋಗಬೇಕು. ತಡವಾಗಿ ಬಂದ ಹೆಸರಿಗೆ, ಎಷ್ಟೇ ದೊಡ್ಡದಾಗಿರಲಿ, ಅದರ ಮುಂದಿನ ತಿಂಗಳೇ ಜಾಗ.