ಪದ್ಮರಾಜನ್‌ರನ್ನು ಓದಿ ಚಿತ್ರಕಥೆ ಕಲಿತದ್ದು

ನಾನು ಕಾಸರಗೋಡಿನವನು. ಮನೆಯಲ್ಲಿ ಕನ್ನಡ, ಬಸ್ಸು ಹತ್ತಿದರೆ ಮಲಯಾಳಂ. ಕಿರುಚಿತ್ರಗಳಿಗೆ, ಆಗೊಮ್ಮೆ ಈಗೊಮ್ಮೆ ಧಾರಾವಾಹಿಗೆ ಬರೆಯುತ್ತೇನೆ, ಹೊಟ್ಟೆಪಾಡಿಗೆ ಬೇರೆ ನೌಕರಿ ಇದೆ. ಚಿತ್ರಕಥೆ ಎಲ್ಲಿ ಕಲಿತಿರಿ ಅಂತ ಯಾರಾದರೂ ಕೇಳಿದರೆ ಮಲಯಾಳಂ ಸಾಹಿತಿ, ಸಿನಿಮಾ ನಿರ್ದೇಶಕ ಪಿ. ಪದ್ಮರಾಜನ್ ಅಂತೀನಿ. ಅವರು 1991ರಲ್ಲೇ ತೀರಿಕೊಂಡರು, ಹಾಗಾಗಿ ಪಾಠ ಎಲ್ಲ ಅವರ ಪುಸ್ತಕ, ಸಿನಿಮಾಗಳಿಂದಲೇ. ಕೇರಳದಲ್ಲಿ ಚಿತ್ರಕಥೆಯನ್ನೂ ಕಾದಂಬರಿ ಥರ ಪುಸ್ತಕ ಮಾಡಿ ಮಾರುತ್ತಾರೆ, ಜನ ಕೊಂಡು ಓದುತ್ತಾರೆ. ನಮ್ಮಲ್ಲಿ ಅದು ಕಡಿಮೆ, ಅಲ್ವಾ?

ನನಗೆ ಮೊದಲು ಧೈರ್ಯ ಕೊಟ್ಟದ್ದು ಅವರ ಸಿನಿಮಾ ಅಲ್ಲ, ನೌಕರಿ. 1965ರಲ್ಲಿ ತ್ರಿಶ್ಶೂರು ಆಕಾಶವಾಣಿ ಸೇರಿದವರು ಅಲ್ಲಿದ್ದುಕೊಂಡೇ ಕಥೆ, ಕಾದಂಬರಿ ಬರೆದರು. 1975ರಲ್ಲಿ ಭರತನ್ ನಿರ್ದೇಶಿಸಿದ ಮೊದಲ ಸಿನಿಮಾ 'ಪ್ರಯಾಣಂ'ಗೆ ಚಿತ್ರಕಥೆ ಬರೆದರು. ತಮ್ಮದೇ ಕಾದಂಬರಿ 'ಪೆರುವಳಿಯಂಬಲಂ' ಇಟ್ಟುಕೊಂಡು ತಾವೇ ನಿರ್ದೇಶನಕ್ಕೆ ಇಳಿದದ್ದು 1979ರಲ್ಲಿ. ರೇಡಿಯೋ ಬಿಟ್ಟದ್ದು ಮಾತ್ರ 1986ರಲ್ಲಿ! ಅಷ್ಟು ಹೊತ್ತಿಗೆ ರಾಷ್ಟ್ರಪ್ರಶಸ್ತಿಯೂ ಬಂದಿತ್ತು. ಕೆಲಸ ಬಿಟ್ಟು ಕೊಚ್ಚಿಗೋ ಬೆಂಗಳೂರಿಗೋ ಓಡಿದರೆ ಮಾತ್ರ ಸಿನಿಮಾ ಅನ್ನುವ ಹುಡುಗರಿಗೆ ನಾನು ಇದನ್ನೇ ಹೇಳುವುದು.

ನಾನು ಕಲಿತ ರೀತಿ ತುಂಬಾ ಸರಳ. ಸಿನಿಮಾ ನೋಡುವುದು, ನಿಲ್ಲಿಸುವುದು, ಈ ದೃಶ್ಯದಲ್ಲಿ ಇವನಿಗೆ ಏನು ಬೇಕು, ಅದನ್ನು ಬಾಯಿಬಿಟ್ಟು ಹೇಳಿದನಾ ಇಲ್ಲವಾ ಅಂತ ನೋಟ್‌ಬುಕ್ಕಿನಲ್ಲಿ ಬರೆಯುವುದು. ಜಾಸ್ತಿ ಸಲ ನಿಲ್ಲಿಸಿದ್ದು 'ನಮುಕ್ಕು ಪಾರ್ಕಾನ್ ಮುಂದಿರಿ ತೋಪ್ಪುಗಳ್'. ಅದು ನಡೆಯುವುದು ನಮ್ಮ ಮೈಸೂರಿನ ಕಡೆಯ ದ್ರಾಕ್ಷಿ ತೋಟದಲ್ಲಿ. ಇದಕ್ಕೆ ಮೂಲ ಬೇರೆಯವರ ಕಾದಂಬರಿ, ಕೆ.ಕೆ. ಸುಧಾಕರನ್ ಅವರದ್ದು. ಸೊಲೊಮನ್‌ಗೆ ಸೋಫಿಯಾ ಮೇಲೆ ಪ್ರೀತಿ. ಅದನ್ನು ಹೇಳಲಿಕ್ಕೆ ಅವನು ಬೈಬಲಿನ ಪರಮಗೀತೆಯ ಮಾತು ಎತ್ತಿಕೊಳ್ಳುತ್ತಾನೆ, ಬೆಳಗ್ಗೆ ಎದ್ದು ದ್ರಾಕ್ಷಿ ತೋಟಗಳಿಗೆ ಹೋಗೋಣ ಅನ್ನುವ ಸಾಲು. ಕೊನೆಯಲ್ಲಿ ಮಲತಂದೆಯಿಂದ ಅವಳ ಮೇಲೆ ಅತ್ಯಾಚಾರ ಆಗುತ್ತದೆ. ಆಗ ಸೊಲೊಮನ್ ಭಾಷಣ ಮಾಡುವುದಿಲ್ಲ, 'ನಿನ್ನನ್ನು ಕ್ಷಮಿಸಿದ್ದೇನೆ' ಅನ್ನುವ ದೊಡ್ಡಸ್ತಿಕೆಯೂ ಇಲ್ಲ. ತನ್ನ ಟ್ಯಾಂಕರ್ ಲಾರಿಯಲ್ಲಿ ಅವಳನ್ನು ಕರೆದುಕೊಂಡು ಹೋಗುತ್ತಾನೆ, ಅಷ್ಟೇ. 1986ರಲ್ಲಿ, ಮೋಹನ್‌ಲಾಲ್‌ರಂಥ ನಾಯಕನನ್ನು ಇಟ್ಟುಕೊಂಡು ಅದನ್ನು ಮಾಡಿದ್ದಾರೆ ಅನ್ನೋದನ್ನು ಮರೀಬಾರದು. ಆ ಲಾರಿ ಕೊನೆಗೆ ಸುಮ್ನೆ ಎಲ್ಲಿಂದಲೋ ಬಂದದ್ದಲ್ಲ, ಅದು ಮೊದಲಿಂದಲೂ ಅವನ ಕೈಯಲ್ಲಿದ್ದ ಗಾಡಿ.

ಇದನ್ನೇ ನನ್ನ ಒಂದು ಕಿರುಚಿತ್ರಕ್ಕೆ ಹಚ್ಚಿ ನೋಡಿದೆ. ಪಾಲು ಆದಮೇಲೆ ಮಾತು ಬಿಟ್ಟ ಅಣ್ಣ ತಮ್ಮ, ಅಕ್ಕಪಕ್ಕದ ಮನೆ. ಮೊದಲ ಕರಡಿನಲ್ಲಿ ತಮ್ಮ ಬಂದು ಒಂದು ಪುಟದಷ್ಟು ಮಾತಾಡುತ್ತಿದ್ದ. ಅದನ್ನು ಪೂರ್ತಿ ಹೊಡೆದು ಹಾಕಿದೆ. ಈಗ ಅಣ್ಣನ ಅಂಗಳದಲ್ಲಿ ಅಡಿಕೆ ಹರವಿದೆ, ಮನೆಯಲ್ಲಿ ಯಾರೂ ಇಲ್ಲ, ಅಕಾಲದ ಮಳೆ. ತಮ್ಮ ಬೇಲಿ ದಾಟಿ ಬಂದು ಅಡಿಕೆ ಬಾಚಿ ರಾಶಿ ಮಾಡಿ ಟಾರ್ಪಾಲು ಹೊದೆಸಿ, ನೆನೆದುಕೊಂಡು ವಾಪಸ್ ಹೋಗುತ್ತಾನೆ. ಆ ಟಾರ್ಪಾಲು ತಮ್ಮನದ್ದೇ ಅಂತ ಗೊತ್ತಾಗುವ ಹಾಗೆ ಮೊದಲ ದೃಶ್ಯದಲ್ಲೇ ಅದರ ತೇಪೆ ತೋರಿಸಿದ್ದೆ. ನಿರ್ದೇಶಕರು ಕೊನೆಗೆ ಅಣ್ಣನ ಬಾಯಲ್ಲಿ ಒಂದು ಮಾತಾದರೂ ಬೇಕು ಅಂತ ಪಟ್ಟು ಹಿಡಿದರು. ಕೊಟ್ಟೆ: "ಊಟ ಆಯ್ತಾ?" ಅಂತ.

ಸಂಭಾಷಣೆಗೆ ಇನ್ನೊಂದು ಅಭ್ಯಾಸ ಇದೆ. ಬರೆದದ್ದನ್ನು ಫೋನಿನಲ್ಲಿ ರೆಕಾರ್ಡ್ ಮಾಡಿ, ಪಾತ್ರೆ ತೊಳೆಯುತ್ತಾ ಕೇಳುತ್ತೇನೆ. ಎಲ್ಲಿ ಬೇಜಾರು ಬರುತ್ತೋ ಅಲ್ಲಿ ಕತ್ತರಿ.

ಹೊಸಬರು 'ಪೆರುವಳಿಯಂಬಲಂ'ನಿಂದ ಶುರು ಮಾಡಿ. ಊರ ಪುಂಡನನ್ನು ಕೊಂದ ಹುಡುಗ, ಅವನಿಗೆ ಆಸರೆ ಕೊಡುವ ಚಹಾ ಅಂಗಡಿಯವನು, ಕಪ್ಪು ಬಿಳುಪು ಚಿತ್ರ, ಖರ್ಚು ಕಡಿಮೆ. ಕೊನೆಯ ಸಿನಿಮಾ 'ಞಾನ್ ಗಂಧರ್ವನ್' ಎಲ್ಲರೂ ಹೊಗಳುತ್ತಾರೆ, ನನಗೇನೋ ಅಷ್ಟು ಹಿಡಿಸಿಲ್ಲ.